ಸಹಿಗೆ ಮೊದಲು ಒಂದು ಫೋನು

ಸಾತಾರಾ ಕಡೆಯಿಂದ ಬರುವ ಬಸ್ಸುಗಳು ಸುರಂಗ ದಾಟಿ ಪುಣೆಯಂಚಿನ ಕಾತ್ರಜದ ಇಳಿಜಾರು ಹಿಡಿದವೆಂದರೆ, ಒಳಗೆ ಮಲಗಿದ ಮಂದಿ ಏಳುವ ಮೊದಲೇ ಸಾಬವ್ವನ ಗಾಡಿಯ ಮೇಲೆ ಚಹಾ ಎದ್ದಿರುತ್ತದೆ. ಬಸ್ಸು ನಿಲ್ಲುತ್ತದೆ, ಬಾಗಿಲು ತೆರೆಯುತ್ತದೆ. ಮೊದಲು ಇಳಿಯುವುದು ಮನುಷ್ಯರಲ್ಲ, ಡಬ್ಬಿಗಳು. ರೊಟ್ಟಿಯ ಗಂಟು, ಶೇಂಗಾ ಹಿಂಡಿಯ ಡಬ್ಬಿ, ಕುಂದಾದ ಪೆಟ್ಟಿಗೆ, ಯಾರೋ ಊರಲ್ಲಿ ಮರೆತು ಬಂದ ಕನ್ನಡಕ. ಒಮ್ಮೆ ಒಂದು ತೊಟ್ಟಿಲೇ ಇಳಿದಿತ್ತು. ಮಗು ಇನ್ನೂ ಹುಟ್ಟಿರಲಿಲ್ಲ, ತೊಟ್ಟಿಲು ಮೊದಲೇ ಪುಣೆ ಸೇರಿತ್ತು.

ಸಾಬವ್ವ ಸವದತ್ತಿ ಕಡೆಯವಳು. ಮದುವೆಯಾಗಿ ಬಂದಾಗ ಆಕೆಗೆ ಬರುತ್ತಿದ್ದ ಮರಾಠಿ ಒಂದೇ ಮಾತು, ‘ನಕೋ’, ಅಂದರೆ ಬೇಡ. ಅದೊಂದನ್ನೇ ಬಂಡವಾಳ ಮಾಡಿಕೊಂಡು ಬಿಬವೇವಾಡಿಯ ಒಂದು ಖೋಲಿಯಲ್ಲಿ ಸಂಸಾರ ಹೂಡಿದಳು. ತರಕಾರಿಯವನಿಗೂ ನಕೋ, ಅರಿಸಿನ ಕುಂಕುಮಕ್ಕೆ ಕರೆಯಲು ಬಂದ ಪಕ್ಕದ ಮನೆಯವಳಿಗೂ ನಕೋ. ಈಗ ಕೇಳಬೇಕು ಆಕೆಯ ಮರಾಠಿ! ರಿಕ್ಷಾದವರು ದಾರಿ ಬಿಟ್ಟು ನಿಲ್ಲುತ್ತಾರೆ. ಬೈಯುವುದಕ್ಕೆ ಮರಾಠಿ, ಕಕ್ಕುಲಾತಿ ಬಂದರೆ ಕನ್ನಡ. ಗಂಡ ಭೀಮು ಮಾರ್ಕೆಟ್ ಯಾರ್ಡಿನಲ್ಲಿ ಚೀಲ ಹೊರುವ ಹಮಾಲ. ಅವನ ಬೆನ್ನು ಹಿಡಿದುಕೊಂಡು, ಭಾರದ ಚೀಲಕ್ಕೆ ಅವನನ್ನು ಯಾರೂ ಕರೆಯದಂತಾದ ಮೇಲೆ ಈಕೆ ಕಾತ್ರಜದಲ್ಲಿ ಚಹಾ ಗಾಡಿ ಹಾಕಿದಳು.

ಡಬ್ಬಿಗಳ ವ್ಯವಹಾರ ಆಕೆ ಬೇಡಿ ತಂದುಕೊಂಡದ್ದಲ್ಲ. ಧಾರವಾಡ ಬಸ್ಸಿನ ಡ್ರೈವರ್ ರಾಘಣ್ಣ ಒಂದು ದಿನ, “ಅಕ್ಕಾ, ಈ ಡಬ್ಬಿ ಇಟ್ಕೋ. ಒಬ್ಬಾಂವ ಬರ್ತಾನ, ಕೊಟ್ಟಬಿಡು” ಎಂದು ಇಟ್ಟು ಹೋದ. ಬಂದವನು ಡಬ್ಬಿ ಒಯ್ದ, ಚಹಾವನ್ನೂ ಕುಡಿದ. ಮರುದಿನದಿಂದ ಎಲ್ಲ ಡ್ರೈವರುಗಳಿಗೂ ಗಾಡಿಯ ಕೆಳಗಿನ ಜಾಗ ಕಂಡಿತು.

ಆಗ ಸಹಿ ಇಲ್ಲ, ಗಿಹಿ ಇಲ್ಲ. ಬಂದವರು ಹೆಸರು ಹೇಳಿದರೆ ಆಯಿತು. ಆ ಸುಖ ಕೆಟ್ಟದ್ದು ಇಬ್ಬರು ಪಾಟೀಲರ ದೆಸೆಯಿಂದ. ಒಬ್ಬರಿಗೆ ಬರಬೇಕಾದದ್ದು ಮಗಳ ಮದುವೆ ಕಾರ್ಡಿನ ಕಟ್ಟು, ಇನ್ನೊಬ್ಬರಿಗೆ ಅಕ್ಕ ಕಳಿಸಿದ ತುಪ್ಪ. ಅದು ಇವರಿಗೆ, ಇದು ಅವರಿಗೆ ಹೋಯಿತು. ಗೊತ್ತಾಗುವ ಹೊತ್ತಿಗೆ ಮದುವೆ ಮನೆಯ ಪಾಟೀಲರು ಅರ್ಧ ಡಬ್ಬಿ ತುಪ್ಪ ಹೋಳಿಗೆಗೆ ಸುರಿದಿದ್ದರು.

“ಕಾರ್ಡ್ ಬರೂ ಜಾಗಾಕ ತುಪ್ಪ ಬಂದೈತಿ, ಒಂದ್ ಮಾತು ಕೇಳಬಾರದಿತ್ತೇನ್ರಿ ಗೌಡ್ರ?” ಎಂದು ಸಾಬವ್ವ ತಲೆ ಚಚ್ಚಿಕೊಂಡಳು.

“ಮದಿವಿ ಮನಿಗೆ ತುಪ್ಪ ಬಂದ್ರ ಯಾರರೆ ಕೇಳ್ತಾರೇನವಾ?” ಎಂದರು ಅವರು.

ಅಂದಿನಿಂದ ಸಾಬವ್ವ ತನಗೆ ತಾನೇ ಒಂದು ಕಟ್ಟಳೆ ಹಾಕಿಕೊಂಡಳು. ಒಯ್ಯಲು ಯಾರೇ ಬರಲಿ, ಡಬ್ಬಿಯ ಮೇಲೆ ಬರೆದಿರುವ ನಂಬರಿಗೆ, ಅಂದರೆ ಕಳಿಸಿದವರಿಗೆ, ಆಕೆ ಮೊದಲು ಫೋನು ಹಚ್ಚುತ್ತಾಳೆ. ಇಂಥವರು ಬಂದಿದ್ದಾರೆ ಎನ್ನುತ್ತಾಳೆ. ಆ ಕಡೆಯವರು ತಮ್ಮ ಬಾಯಿಂದ ‘ಕೊಡು’ ಎನ್ನಬೇಕು. ಆ ಮಾತು ಕಿವಿಗೆ ಬೀಳುವ ತನಕ ಗಾಡಿಯ ಕೆಳಗಿನ ಡಬ್ಬಿ ಮೇಲೇಳುವುದಿಲ್ಲ.

ಹಡಪಸರದ ಕಂಪನಿಯ ಹುಡುಗರು ಗೊಣಗುತ್ತಿದ್ದರು. “ನಮ್ಮವ್ವ ಇನ್ನಾ ಮಲಗಿರ್ತಾಳ್ರಿ.”

“ಎಬ್ಬಸ್ರಿ. ನಿಮಗ ರೊಟ್ಟಿ ಬಡ್ಯಾಕ ಎದ್ದಾಕಿ, ನಿಮ್ಮ ದನಿ ಕೇಳಾಕ ಏಳೂದಿಲ್ಲೇನು?”

ಹೀಗೆ ತಿಂಗಳುಗಟ್ಟಲೆ ಊರಿಗೆ ಫೋನು ಮಾಡದ ಗಂಡುಮಕ್ಕಳೂ ಸಾಬವ್ವನ ಗಾಡಿಯ ಮುಂದೆ ನಿಂತು, ಅರೆನಿದ್ದೆಯಲ್ಲಿ, “ಹೂಂ ಅವ್ವಾ, ಉಂಡೀನಿ” ಎನ್ನುವಂತಾಯಿತು.

ಆಕೆಗೆ ಬಹಳ ಇಷ್ಟವಾದ ದನಿ ಒಂದಿತ್ತು. ಅದು ಧಾರವಾಡದ ಚನ್ನಬಸವ್ವನದು. ಚನ್ನಬಸವ್ವ ಇಳಕಲ್ಲ ಸೀರೆಯ ಮೇಲೆ ಕಸೂತಿ ಹಾಕುವ ಹೆಂಗಸು. ಗಂಟು ಹಾಕದೆ, ಎಳೆ ಎಣಿಸಿ, ಮುಂದು ಹಿಂದು ಒಂದೇ ರೀತಿ ಕಾಣುವಂತೆ ಗೋಪುರ, ಆನೆ, ನವಿಲು ಎಬ್ಬಿಸುವವಳು. ಒಂದೊಂದು ಸೀರೆಗೆ ತಿಂಗಳುಗಳೇ ಹಿಡಿಯುತ್ತವೆ; ನಡುನಡುವೆ ಕುಪ್ಪಸದ ಖಣಗಳಿಗೂ ಹಾಕಿ ಕಳಿಸುತ್ತಿದ್ದಳು. ಪುಣೆಯ ಮರಾಠಿ ಹೆಂಗಸರಿಗೆ ಅದರ ಮೇಲೆ ಜೀವ. ಕಂದು ಕಾಗದದ ಗಂಟು, ಮೇಲೆ ಹಸಿರು ಬಟ್ಟೆಯ ಪಟ್ಟಿಯ ಕಟ್ಟು. ಅದನ್ನು ಕಂಡೊಡನೆ ಸಾಬವ್ವ ಗಾಡಿಯ ಕೆಳಗೆ ಇಡುತ್ತಿರಲಿಲ್ಲ, ತನ್ನ ಚೀಲದಲ್ಲೇ ಇಟ್ಟುಕೊಳ್ಳುತ್ತಿದ್ದಳು. “ಚನ್ನಕ್ಕನ ಕಣ್ಣು ಇದರಾಗ ಕುಂತಾವು” ಎನ್ನುತ್ತಿದ್ದಳು.

ಒಯ್ಯುವವರು ಪ್ರತಿಸಲವೂ ಹೊಸಬರು. ಫೋನು ಹೋಗುತ್ತಿತ್ತು.

“ಯಾರು ಬಂದಾರ?”

“ಎತ್ತರನ್ನ ಹೆಣ್ಮಗಳು, ಬೆಳ್ಳಿ ಕೂದಲು. ಸ್ಕೂಟಿ ಮ್ಯಾಲೆ ಬಂದಾರ.”

“ಹೌದು, ಅವರದs ಅದ. ಕೊಡವ್ವಾ ಸಾಬಕ್ಕ.” ಆಮೇಲೆ, ಫೋನು ಇಡುವ ಮುನ್ನ, “ನಿಂದು ಚಾ ಆತೇನು?”

ಮೊದಲ ಸಲ ಕೇಳಿದಾಗ ಸಾಬವ್ವ ನಕ್ಕಿದ್ದಳು. “ಊರಿಗೆಲ್ಲಾ ಚಾ ಕುಡಸಾಕಿಗೆ ಕೇಳ್ತಿಯಲ್ಲವ್ವಾ!”

“ಮತ್ತ? ನಾ ಮಂದಿ ಸೀರಿಗೆಲ್ಲಾ ಕಸೂತಿ ಹಾಕಾಕಿ. ಬಂದು ನನ್ನ ಮೈಮ್ಯಾಲೆ ನೋಡು, ಒಂದು ಎಳಿ ಇಲ್ಲ. ಅದಕ್ಕ ಕೇಳಿದೆ.”

ಸಾಬವ್ವ ಕೆಟಲಿನ ಕಡೆ ನೋಡಿದಳು. ನಿಜವಾಗಿಯೂ ಆಕೆ ಬೆಳಗಿನಿಂದ ಒಂದು ಗುಟುಕು ಕುಡಿದಿರಲಿಲ್ಲ. ಅಂದಿನಿಂದ ಧಾರವಾಡದ ಫೋನು ಮುಗಿದ ಮೇಲೆ ತನಗೊಂದು ಕಪ್ಪು ಸುರಿದುಕೊಂಡು, ಕಲ್ಲಿನ ಮೇಲೆ ಕುಳಿತು ಕುಡಿಯುವುದು ರೂಢಿಯಾಯಿತು. ಇಬ್ಬರೂ ಒಬ್ಬರ ಮುಖ ಒಬ್ಬರು ಕಂಡವರಲ್ಲ. ಚನ್ನಬಸವ್ವನ ಹತ್ತಿರ ಇದ್ದದ್ದು ಬಟನ್ ಫೋನು. ದನಿಯೊಂದೇ ಹೋಗಿಬರುತ್ತಿತ್ತು.

ಹೀಗಿರುವಾಗ ಮನೋಹರ ಬಂದ. ಇವನು ಈ ಬಸ್ಸುಗಳ ಟ್ರಾವೆಲ್ಸ್ ಕಂಪನಿಯ ಪಾರ್ಸಲ್ ವಿಭಾಗದವನು. ಅಪ್ಪ ಗೋಕಾಕದವರು, ಇವನು ಹುಟ್ಟಿದ್ದು ಬೆಳೆದದ್ದು ಪುಣೆ. ಸಾಬವ್ವನ ಗಾಡಿಗೆ ‘ಪಾರ್ಸಲ್ ಪಾಯಿಂಟ್’ ಎಂಬ ಬೋರ್ಡು ತಗುಲಿಸಿ, ಕೈಗೊಂದು ದೊಡ್ಡ ಪರದೆಯ ಫೋನು ಕೊಟ್ಟ. ಇನ್ನು ಮೇಲೆ ಪ್ರತಿ ಪಾರ್ಸಲ್ಲಿಗೂ ಆಕೆಗೆ ಒಂದು ಪಾಲು ಸಿಗುತ್ತದೆ ಎಂದ. ಭೀಮುವಿನ ಬೆನ್ನಿನ ಔಷಧಿಗೆ ಅದು ದೊಡ್ಡ ಆಧಾರ.

“ತಗೊಳ್ಳೋರ ಕಡಿಂದ ಇದರ ಮ್ಯಾಲೆ ಬೆರಳಲೇ ಸಹಿ ಮಾಡಸ್ರಿ, ಮಾವಶಿ. ಸಹಿ ಆತಂದ್ರ ಪಾರ್ಸಲ್ ಮುಟ್ಟಿತು ಅಂತ. ಸಹಿ ಇಲ್ಲಂದ್ರ ಮುಟ್ಟಿಲ್ಲ. ಮ್ಯಾಲಿನವರ ಆರ್ಡರ್ ಅದ.”

ಸಾಬವ್ವ ಗಾಜಿನ ಮೇಲೆ ತನ್ನ ಹೆಸರು ಬರೆದು ನೋಡಿದಳು. “ಇದಕ್ಕ ಸಹಿ ಅಂತಾರ? ಕೋಳಿ ತಿಪ್ಪಿ ಕೆದರಿದಂಗ ಐತಿ.”

“ಹ್ಯಾಂಗರೆ ಇರವಲ್ದ್ಯಾಕ. ಕೋರ್ಟಿನ್ಯಾಗ ನಡೀತದ.”

“ಕೋರ್ಟಿನ್ಯಾಗ ನಡದೀತು. ಚನ್ನಕ್ಕನ ಮುಂದ ನಡ್ಯಾಂಗಿಲ್ಲ.”

“ಚನ್ನಕ್ಕ ಯಾರು? ಯಾವ ಆಫೀಸಿನವರು?” ಎಂದು ಮನೋಹರ ಗಾಬರಿಯಿಂದ ಕೇಳಿದ.

ಸಾಬವ್ವ ಮೇಲಿನವರ ಮಾತನ್ನೂ ಮೀರಲಿಲ್ಲ, ತನ್ನ ಮಾತನ್ನೂ ಬಿಡಲಿಲ್ಲ. ಮೊದಲು ಫೋನು, ಆಮೇಲೆ ಸಹಿ. ಗಾಡಿಯ ಮುಂದೆ ಸಾಲು ಬೆಳೆಯಿತು. ಹೊತ್ತಾಯಿತೆಂದು ಕೆಲವರು ಕಂಪನಿಗೆ ದೂರು ಬರೆದರು. ಮನೋಹರ ಮತ್ತೆ ಬಂದು, ಚಹಾ ಕುಡಿದು, ಕಪ್ಪು ಕೆಳಗಿಟ್ಟು ಹೇಳಿದ: “ನಿಮ್ಮ ಫೋನಿನ ಪದ್ಧತಿ ಬಿಡ್ರಿ. ಇನ್ನೊಂದು ಕಂಪ್ಲೇಂಟ್ ಬಂತಂದ್ರ ಪಾಯಿಂಟ್ ಎದುರಿನ ಮೆಡಿಕಲ್ ಅಂಗಡಿಗೆ ಹೋಗ್ತದ. ಆಮ್ಯಾಲೆ ನನ್ನ ಕೈಯಾಗ ಏನೂ ಇರಾಂಗಿಲ್ಲ, ಮಾವಶಿ.”

ಸಾಬವ್ವ ಹೂಂ ಎಂದಳು. ಪರಿಚಯದ ಮುಖಗಳು ಬಂದರೆ ಫೋನು ಮಾಡುವುದನ್ನು ಬಿಟ್ಟಳು ಕೂಡ. ಆದರೆ ಧಾರವಾಡದ ಗಂಟಿಗೆ ಬಿಡಲಿಲ್ಲ.

ಬಿಡುವ ಪ್ರಸಂಗವೇ ಬರಲಿಲ್ಲ ಅನ್ನಿ. ದಸರೆಯಾದ ಮೇಲೆ ಹಸಿರು ಪಟ್ಟಿಯ ಗಂಟು ಬರುವುದೇ ನಿಂತಿತು. ಸಾಬವ್ವ ತಾನೇ ಫೋನು ಮಾಡಿದಳು, ಬಂದ್ ಇತ್ತು. ಕೆಲಸ ಕಡಿಮೆ ಇರಬೇಕು, ಮಗಳ ಊರಿಗೆ ಹೋಗಿರಬೇಕು ಎಂದುಕೊಂಡಳು. ಬೆಳಗಿನ ಚಹಾ ಕುಡಿಯುವುದು ಮತ್ತೆ ಮರೆತುಹೋಗತೊಡಗಿತು.

ಮದುವೆಯ ದಿನಗಳು ಶುರುವಾದಾಗ ಒಂದು ಬೆಳಿಗ್ಗೆ ಆ ಗಂಟು ಬಂತು. ಅಂದು ಬಸ್ಸು ತಡವಾಗಿತ್ತು, ಹಿಂದಿನಿಂದ ವಾಹನಗಳು ಹಾರ್ನ್ ಬಾರಿಸುತ್ತಿದ್ದವು. ರಾಘಣ್ಣ ಕಿಟಕಿಯಿಂದಲೇ ಗಂಟು ಕೈಗೆ ಕೊಟ್ಟು, “ಅಕ್ಕಾ, ಒಂದ್ ಮಾತು ಹೇಳೂದೈತಿ, ಹೊಳ್ಳಿ ಬಂದು ಹೇಳ್ತೀನಿ” ಎಂದು ಸ್ವಾರಗೇಟ್ ಬಸ್ ನಿಲ್ದಾಣದ ಕಡೆ ಹೋಗಿಬಿಟ್ಟ. ಸಾಬವ್ವ ಗಂಟನ್ನು ಎದೆಗೆ ಒತ್ತಿ ಹಿಡಿದಳು. ಸುದ್ದಿ ಇಲ್ಲದ ಅಕ್ಕನೇ ಬಂದಂತಾಗಿತ್ತು.

ಸ್ವಲ್ಪ ಹೊತ್ತಿಗೆ ಒಂದು ಕಾರು ನಿಂತಿತು. ಇಳಿದವರು ಮಧುಕರ್ ಎಂಬ ಮರಾಠಿ ಗೃಹಸ್ಥರು, ಹಡಪಸರದವರು. ಮಗಳು ಸಪ್ನಾಳ ನಿಶ್ಚಿತಾರ್ಥ ಅಂದೇ ಮಧ್ಯಾಹ್ನ. ಉಡುವುದು ಇದೇ ಸೀರೆ. ಅವರು ಬಂದವರೇ ಸಹಿಗೆಂದು ಬೆರಳು ಚಾಚಿದರು.

“ಥಾಂಬಾ ದಾದಾ,” ಎಂದು ಸಾಬವ್ವ ತಡೆದು ಧಾರವಾಡಕ್ಕೆ ಫೋನು ಹಚ್ಚಿದಳು.

ಈ ಸಲ ರಿಂಗ್ ಆಯಿತು. ಯಾರೋ ಎತ್ತಿದರು. ಸಾಬವ್ವನ ಮುಖ ಅರಳಿತು. “ಚನ್ನಕ್ಕಾ! ನಾ ಸಾಬವ್ವ. ಎಲ್ಲಿ ಹೋಗಿದ್ದಿಯವ್ವಾ ಇಷ್ಟ ದಿನ?”

ಮಾತಿಲ್ಲ. ಟಕ, ಟಕ ಎಂದೇನೋ ಸದ್ದು.

“ಚನ್ನಕ್ಕಾ?”

ಮತ್ತೆ ಅದೇ ಸದ್ದು. ಲೈನು ಕೆಟ್ಟಿದೆ ಎಂದು ಫೋನು ಕತ್ತರಿಸಿ ಮತ್ತೆ ಹಚ್ಚಿದಳು. ಎತ್ತಿದರು. ಉಸಿರಾಡುವುದು ಕೇಳುತ್ತಿತ್ತು, ಟಕಟಕ ಕೇಳುತ್ತಿತ್ತು, ಮಾತು ಮಾತ್ರ ಇಲ್ಲ.

“ಯಾರದು? ಚನ್ನಕ್ಕನ ಫೋನ್ ಯಾರ ಕೈಯಾಗೈತಿ? ಬಾಯಿ ಬಿಟ್ಟ ಮಾತಾಡ್ರಿ. ಚಾಷ್ಟಿ ಮಾಡ್ತೀರೇನು?” ಸಿಟ್ಟಿನಿಂದ ಮತ್ತೆ ಕತ್ತರಿಸಿದಳು. ಫೋನು ಕಳುವಾಗಿದೆ, ಕದ್ದವರ ಕೈಯಲ್ಲಿದೆ ಎಂಬುದು ಆಕೆಯ ಮನಸ್ಸಿನಲ್ಲಿ ಖಾತ್ರಿಯಾಯಿತು. ಫೋನು ಕದ್ದವರು ಸೀರೆ ಬಿಡುತ್ತಾರೆಯೇ? ಗಂಟು ಮರಳಿ ಚೀಲದೊಳಗೆ ಹೋಯಿತು.

“ಕೊಡುವುದಿಲ್ಲ” ಎಂದಳು ಮರಾಠಿಯಲ್ಲಿ.

ಮಧುಕರ್ ಗಂಟಿನ ಮೇಲಿದ್ದ ತಮ್ಮ ಹೆಸರು ತೋರಿಸಿದರು, ಗುರುತಿನ ಚೀಟಿ ತೋರಿಸಿದರು, ಮೊಬೈಲಿನಲ್ಲಿ ಮಗಳ ಚಿತ್ರ ತೋರಿಸಿದರು. “ಸಹಿ ಬೇಕೆಂದರೆ ಹತ್ತು ಸಹಿ ಮಾಡುತ್ತೇನೆ, ತಾಯಿ. ಅಲ್ಲಿ ಹುಡುಗಿ ತಲೆ ಬಾಚಿಕೊಂಡು ಕೂತಿದ್ದಾಳೆ!”

“ನಿಮ್ಮ ಸಹಿ ನಿಮ್ಮ ಮಾತು, ದಾದಾ. ಕಳಿಸಿದವಳ ಮಾತು ಎಲ್ಲಿದೆ?”

ಅವರು ಸಿಟ್ಟಾದರು. ಅಲ್ಲಿಯೇ ನಿಂತು ಕಂಪನಿಗೆ ದೂರು ಬರೆದು ಕಳಿಸಿದರು. ಮನೋಹರನ ಫೋನು ಬಂತು, “ಮಾವಶಿ, ಕೈಮುಗೀತೀನಿ, ಕೊಟ್ಟಬಿಡ್ರಿ” ಎಂದು. ಸಾಬವ್ವ ಫೋನು ಬದಿಗಿಟ್ಟು ಕೆಟಲು ತೊಳೆಯತೊಡಗಿದಳು. ಕೊಟ್ಟರೆ ಚನ್ನಕ್ಕನ ತಿಂಗಳುಗಟ್ಟಲೆಯ ಕಣ್ಣು ಯಾರದೋ ಪಾಲಾದೀತು. ಕೊಡದಿದ್ದರೆ ಒಂದು ಹುಡುಗಿಯ ನಿಶ್ಚಿತಾರ್ಥ, ತನ್ನ ಬೋರ್ಡು. ಬಿಸಿಲು ರಸ್ತೆಗೆ ಇಳಿಯಿತು. ಮಧುಕರ್ ಹೋಗಲೂ ಆಗದೆ, ಇರಲೂ ಆಗದೆ ಕಾರಿಗೆ ಒರಗಿ ನಿಂತರು. ಸಾಬವ್ವ ಅವರಿಗೊಂದು ಚಹಾ ಕೊಟ್ಟಳು. ಬೇಡವೆಂದರು, ಆಮೇಲೆ ಕುಡಿದರು.

ಬಸ್ಸು ಖಾಲಿ ಮಾಡಿ ರಾಘಣ್ಣ ಕಾತ್ರಜಕ್ಕೆ ಮರಳಿದ್ದು ಆಗ. ಮುಖಕ್ಕೆ ನೀರು ಎರಚಿಕೊಂಡು, ಟವೆಲಿನಿಂದ ಒರೆಸುತ್ತ ಬಂದ.

“ಅದs ಹೇಳಬೇಕಂತಿದ್ದೆ ಅಕ್ಕಾ. ಚನ್ನಬಸವ್ವಾರಿಗೆ ಗಂಟಲದ ಆಪರೇಶನ್ ಆಗೇತಿ. ಕೊರಳಿಗೆ ಪಟ್ಟಿ ಸುತಗೊಂಡು ತಾವ ಬಂದು ಗಂಟು ಕೊಟ್ರು. ಮಾತು ಹೋಗೇತಿ. ಜೀವಕ್ಕ ಏನೂ ಇಲ್ಲಂತ, ದನಿ ಮಾತ್ರ ಹೊಳ್ಳಿ ಬರೂದು ಕಠಿಣ ಅಂತ ಅವರ ಅಳಿಯಾ ಹೇಳಿದ.”

ಸಾಬವ್ವ ಕೈಯಲ್ಲಿದ್ದ ಸೋಸಣಿಗೆ ಕೆಳಗಿಟ್ಟಳು.

“ಆಕಿ ಬಡೀತಿದ್ಲು” ಎಂದಳು. “ನಾ ಇಲ್ಲೇನಿ, ನಾ ಇಲ್ಲೇನಿ ಅಂತ ಬಡೀತಿದ್ಲು ರಾಘಣ್ಣ. ನಾ ಬಾಯಿಗೆ ಬಂದಂಗ ಬೈದು ಫೋನ್ ಇಟ್ಟೆ. ಒಮ್ಮೆ ಅಲ್ಲ, ಎರಡು ಸಲ.”

ಸೆರಗಿನಿಂದ ಮುಖ ಒರೆಸಿಕೊಂಡು ಮತ್ತೆ ಫೋನು ಹಚ್ಚಿದಳು. ಸದ್ದು ಎಲ್ಲರಿಗೂ ಕೇಳುವಂತೆ ಸ್ಪೀಕರ್ ಒತ್ತಿ ಗಾಡಿಯ ಮೇಲಿಟ್ಟಳು. ಮಧುಕರರೂ ಹತ್ತಿರ ಬಂದರು. ರಿಂಗ್ ಆಗುತ್ತಲೇ ಇತ್ತು. ಇನ್ನು ಎತ್ತುವುದಿಲ್ಲವೇನೋ ಎನ್ನುವಾಗ ಎತ್ತಿದರು.

“ಚನ್ನಕ್ಕಾ, ಇಡಬ್ಯಾಡ. ನಾನs ಹುಚ್ಚಿ. ನನಗ ಗೊತ್ತಿರಲಿಲ್ಲವ್ವಾ. ನಿನ್ನ ಗಂಟು ನನ್ನ ಚೀಲದಾಗ ಐತಿ. ಹಡಪಸರದಿಂದ ಒಬ್ಬರು ಬಂದಾರ, ದಪ್ಪನ್ನ ಮನಷ್ಯಾ, ಮಧುಕರ್ ಅಂತ. ಮಗಳಿಗೆ ಸೀರಿ ಅಂತ ಹೇಳ್ತಾರ. ಕೊಡೂದಾದ್ರ ಎರಡು ಸಲ ಬಡಿ. ಕೊಡೂದಲ್ಲಂದ್ರ ಸುಮ್ನಿರು.”

ರಸ್ತೆಯ ಲಾರಿಗಳ ಗದ್ದಲದ ನಡುವೆ ಮೂವರೂ ಆ ಚಿಕ್ಕ ಫೋನಿನ ಮೇಲೆ ಬಗ್ಗಿದ್ದರು.

ಟಕ್. ಟಕ್.

ಹಲಗೆಯ ಮೇಲೆ ಕತ್ತರಿಯ ಹಿಡಿಕೆ ಬಡಿದ ಸದ್ದು. ಸಾಬವ್ವ ಗಂಟನ್ನು ಎರಡೂ ಕೈಯಿಂದ ಮಧುಕರರಿಗೆ ಕೊಟ್ಟಳು. ಅವರು ಗಾಜಿನ ಮೇಲೆ ಬೆರಳಾಡಿಸಿ ಸಹಿ ಮಾಡಿದರು. ಹೋಗುವ ಮುನ್ನ ಫೋನಿನ ಕಡೆ ಬಗ್ಗಿ, ಅರ್ಥವಾಗುತ್ತದೋ ಇಲ್ಲವೋ ಎಂಬ ಅನುಮಾನದಿಂದ, ತುಸು ಗಟ್ಟಿಯಾಗಿಯೇ ಮರಾಠಿಯಲ್ಲಿ, “ಸೀರೆ ಮುಟ್ಟಿತು, ತಾಯಿ” ಎಂದರು.

ಅವರು ದೂರನ್ನು ಹಿಂದಕ್ಕೆ ಪಡೆಯುತ್ತೇನೆ ಎಂದರು, ಪಡೆಯಲು ನೋಡಿದರು ಕೂಡ. ಆದರೆ ಅಂಥದು ಒಮ್ಮೆ ಮೇಲೆ ಹೋದರೆ ಕೆಳಗೆ ಬರುವುದಿಲ್ಲ. ಆ ವಾರದಲ್ಲೇ ಮನೋಹರ ಬಂದು ಬೋರ್ಡು ಬಿಚ್ಚಿದ. ಮೊಳೆ ಕೀಳುವಾಗ ತಲೆ ಎತ್ತಲಿಲ್ಲ. ಸಾಬವ್ವನೇ ಸಮಾಧಾನ ಹೇಳಬೇಕಾಯಿತು.

“ಹೋಗ್ಲಿ ಬಿಡೋ. ಬೋರ್ಡಿಗಿಂತ ಮೊದಲs ನಾ ಇದ್ದೆ.”

ಪಾರ್ಸಲ್ಲುಗಳೆಲ್ಲ ಎದುರಿನ ಮೆಡಿಕಲ್ ಅಂಗಡಿಗೆ ಹೋದವು. ಅಲ್ಲಿ ಸಹಿ ಮಾಡಿದರೆ ಸಾಕು, ಯಾರೂ ಯಾರ ಅವ್ವನನ್ನೂ ಎಬ್ಬಿಸುವುದಿಲ್ಲ. ಸಾಲು ಬೇಗ ಕರಗುತ್ತದೆ. ನಿಜ ಹೇಳಬೇಕೆಂದರೆ ಮಂದಿಗೆ ಅದೇ ಅನುಕೂಲವಾಯಿತು. ಭೀಮುವಿನ ಔಷಧಿಗೆ ಕೈ ಬಿಗಿಯಾಯಿತು. ಸಾಬವ್ವ ಚಹಾದ ಜೊತೆಗೆ ಮಂಡಕ್ಕಿ ಒಗ್ಗರಣೆಯನ್ನೂ ಇಟ್ಟಳು. ಒಂದೊಂದು ಸಲ ಮೆಡಿಕಲ್ ಅಂಗಡಿಯ ಮುಂದೆ ಡಬ್ಬಿ ಹಿಡಿದು ನಿಂತ ಹುಡುಗರನ್ನು ಇಲ್ಲಿಂದಲೇ ಕೂಗುತ್ತಿದ್ದಳು: “ಮುಟ್ಟಿತು ಅಂತ ಅವ್ವಗ ಹೇಳಿದ್ಯಾ?” ಕೆಲವರು ನಗುತ್ತ ಫೋನು ತೆಗೆಯುತ್ತಿದ್ದರು. ಕೆಲವರು ಕೇಳಿಸದಂತೆ ಹೋಗುತ್ತಿದ್ದರು.

ಧಾರವಾಡಕ್ಕೆ ಫೋನು ಮಾಡಲು ಮಾತ್ರ ಆಕೆಗೆ ಧೈರ್ಯವಾಗಲಿಲ್ಲ. ಹೇಳಲು ಗಂಟಿಲ್ಲ, ಕೇಳಲು ದನಿಯಿಲ್ಲ. ಬೈದದ್ದನ್ನು ಚನ್ನಕ್ಕ ಮನಸ್ಸಿನಲ್ಲಿ ಇಟ್ಟುಕೊಂಡಿದ್ದರೆ? ಅಂದು ಎರಡು ಸಲ ಬಡಿದದ್ದು ಗಿರಾಕಿಗಾಗಿ, ತನಗಾಗಿ ಅಲ್ಲ ಎನ್ನುವುದು ಆಕೆಯ ತಲೆಯಲ್ಲಿ ಕೂತುಬಿಟ್ಟಿತ್ತು.

ಯುಗಾದಿಯ ಹಿಂದು ಮುಂದು, ಒಂದು ಬೆಳಿಗ್ಗೆ ಮನೋಹರ ರಸ್ತೆ ದಾಟಿ ಬಂದ. ಬಗಲಲ್ಲಿ ಕಂದು ಕಾಗದದ ಗಂಟು, ಮೇಲೆ ಹಸಿರು ಪಟ್ಟಿ.

“ನಿಮ್ಮ ಹೆಸರಿಗೆ ಬಂದದ, ಮಾವಶಿ.”

“ನನ್ನ ಹೆಸರಿಗೆ? ಸರಿಯಾಗಿ ಓದು.”

“ಸಾಬವ್ವ, ಚಹಾ ಗಾಡಿ, ಕಾತ್ರಜ. ಮತ್ತ ಯಾರದಾರ ಇಲ್ಲಿ ಸಾಬವ್ವ? ಇಲ್ಲೆ ಬೆರಳು ಆಡಸ್ರಿ.”

ಊರಿನ ಡಬ್ಬಿಗಳೆಲ್ಲ ಆಕೆಯ ಕೈಯಿಂದ ದಾಟಿದ್ದವು. ಆಕೆಯ ಹೆಸರು ಹೊತ್ತು ಒಂದೂ ಬಂದಿರಲಿಲ್ಲ. ಚಾಚಿದ ಬೆರಳನ್ನು ಆಕೆ ಹಿಂದೆಗೆದುಕೊಂಡಳು.

“ತಡಿ. ಸಹಿ ಆಮ್ಯಾಲೆ. ಮೊದಲ ಫೋನ್.”

“ಅಯ್ಯ ದೇವಾ!” ಎಂದ ಮನೋಹರ. ಆದರೆ ಕಲ್ಲಿನ ಮೇಲೆ ಕುಳಿತುಕೊಂಡ.

ರಿಂಗ್ ಆಯಿತು, ಎತ್ತಿದರು. “ಚನ್ನಕ್ಕಾ, ನಾ ಸಾಬವ್ವ. ನಿನ್ನ ಗಂಟು ಒಯ್ಯಾಕ ಒಬ್ಬಾಕಿ ಬಂದಾಳ. ಕುಳ್ಳಿ, ಕರ್ರಗದಾಳ, ಬಾಯಿ ಭಾಳ ಜೋರು. ತಿಳೀದ ಮಂದಿನ್ನ ಬೈತಾಳ. ಕೊಡಲೋ, ಬ್ಯಾಡೋ?”

ಸ್ವಲ್ಪ ಹೊತ್ತು ಏನೂ ಇಲ್ಲ. ಆಮೇಲೆ, ಟಕ್. ಟಕ್.

ಸಾಬವ್ವ ಗಾಜಿನ ಮೇಲೆ ಕೋಳಿ ಕೆದರಿದಂತೆ ಸಹಿ ಮಾಡಿದಳು. ಪಟ್ಟಿ ಬಿಚ್ಚಿದಳು. ಒಳಗೆ ಕೆಟಲಿನ ಮೇಲೆ ಹೊದಿಸುವಷ್ಟು ಅಗಲದ ಕರಿಯ ಬಟ್ಟೆ. ಅದರ ನಡುವೆ ಕಸೂತಿ: ಗೋಪುರವಲ್ಲ, ಆನೆಯಲ್ಲ, ನವಿಲಲ್ಲ. ಹಬೆಯಾಡುವ ಒಂದು ಕೆಟಲು, ಪಕ್ಕದಲ್ಲಿ ಒಂದೇ ಒಂದು ಕಪ್ಪು. ಆಕೆ ಹಿಂದೆ ತಿರುಗಿಸಿ ನೋಡಿದಳು. ಅಲ್ಲಿಯೂ ಅದೇ ಕೆಟಲು, ಅದೇ ಕಪ್ಪು; ಎಲ್ಲಿಯೂ ಗಂಟಿಲ್ಲ.

“ಮುಟ್ಟಿತವ್ವಾ” ಎಂದಳು.

ಫೋನು ಇನ್ನೂ ಇಟ್ಟಿರಲಿಲ್ಲ. ಆ ಕಡೆಯಿಂದ ಇನ್ನೊಂದು ಬಡಿತ ಬಂತು, ಒಂಟಿಯಾಗಿ, ಪ್ರಶ್ನೆ ಕೇಳಿದಂತೆ. ‘ಕೊಡು’ ಎಂದ ಮೇಲೆ ಫೋನು ಇಡುವ ಮುನ್ನ ಚನ್ನಬಸವ್ವ ಪ್ರತಿಸಲವೂ ಏನು ಕೇಳುತ್ತಿದ್ದಳು ಎಂಬುದು ಸಾಬವ್ವನಿಗಲ್ಲದೆ ಇನ್ನಾರಿಗೆ ಗೊತ್ತು?

“ಇನ್ನಾ ಇಲ್ಲವ್ವಾ,” ಎಂದಳು ಆಕೆ, ಕಪ್ಪಿಗೆ ಕೈ ಹಾಕುತ್ತ, “ಈಗ ಕುಡೀತೀನಿ.”